ಪೈಪಿನ ಈ ತುದಿಯಿಂದ

ಬೆಂಗಳೂರಿಗೂ ಚೆನ್ನೈಗೂ ವಿಮಾನದಲ್ಲಿ ಓಡಾಡುವ ಕನ್ನಡಿಗರಲ್ಲಿ ನನ್ನದೊಂದು ಮನವಿ. ಸುತ್ತಿ ಬಳಸದೆ ಮೊದಲೇ ಹೇಳಿಬಿಡುತ್ತೇನೆ: ಇನ್ನು ಮೇಲೆ ದಯವಿಟ್ಟು ರೈಲಿನಲ್ಲಿ ಬನ್ನಿ. ಬಂದವರು ಅರ್ಧ ದಿನ ಬಿಡುವು ಮಾಡಿಕೊಂಡು ಎಣ್ಣೂರಿನವರೆಗೂ ಬನ್ನಿ. ಎರಡಕ್ಕೂ ಏನು ಸಂಬಂಧ ಎಂದು ಕೇಳುವಿರಿ. ಅದನ್ನು ಹೇಳುವುದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ನನ್ನ ಊರು ಮುಳಬಾಗಿಲು. ಕೆಲಸದ ನೆಪದಲ್ಲಿ ಚೆನ್ನೈಗೆ ಬಂದು ತಿರುವೊಟ್ರಿಯೂರಿನಲ್ಲಿ ಮನೆ ಮಾಡಿ ಇಪ್ಪತ್ತು ವರ್ಷ ದಾಟಿತು. ಚೆನ್ನೈ ಕನ್ನಡಿಗರೆಂದರೆ ಟಿ. ನಗರ, ಮೈಲಾಪುರದ ಕಡೆಯವರು ಎಂದೇ ಎಲ್ಲರ ಎಣಿಕೆ. ಉತ್ತರ ಚೆನ್ನೈಯಲ್ಲಿರುವ ನಮ್ಮ ಮನೆಗೆ ನೆಂಟರು ಬಂದರೆ ಮೊದಲು ಮೂಗು ಮುಚ್ಚಿಕೊಳ್ಳುತ್ತಾರೆ, ಆಮೇಲೆ ಕಿಟಕಿ. ಇಲ್ಲಿಂದ ಕಡಲ ಪಕ್ಕದ ರಸ್ತೆ ಹಿಡಿದು ಬಡಗಣಕ್ಕೆ ಹೋದರೆ ಎಣ್ಣೂರು. ಹೆಸರಿನ ಮೂಲ ಏನೇ ಇರಲಿ, ನಮ್ಮ ಕಿವಿಗೆ ಅದು ‘ಎಣ್ಣೆಯ ಊರು’ ಎಂದೇ ಕೇಳುತ್ತದೆ. ಈಗಿನ ಸ್ಥಿತಿಗೆ ಅದು ಸರಿಯಾಗಿಯೇ ಒಪ್ಪುತ್ತದೆ.

ಕೊಸಸ್ತಲೈ ನದಿ ಕಡಲು ಸೇರುವ ಜಾಗ ಇದು. ನಮ್ಮ ಕುಂದಾಪುರ, ಕಾರವಾರದ ಕಡೆಯವರು ನೋಡಿದರೆ ಅಳಿವೆ ಎನ್ನುತ್ತಾರೆ, ದಡದ ಗಿಡಗಳನ್ನು ನೋಡಿ ಕಾಂಡ್ಲಾ ಎಂದು ಗುರುತು ಹಿಡಿಯುತ್ತಾರೆ. ಈ ನದಿಯ ಮೇಲ್ಭಾಗದಲ್ಲಿ ಪೂಂಡಿ ಜಲಾಶಯವಿದೆ. ಕೃಷ್ಣೆಯಲ್ಲಿ ಚೆನ್ನೈಯ ಕುಡಿಯುವ ನೀರಿಗೆಂದು ಕರ್ನಾಟಕ ಬಿಟ್ಟುಕೊಟ್ಟ 5 ಟಿಎಂಸಿ ಪಾಲು ಬಂದು ಸೇರಬೇಕಾದದ್ದೂ ಆ ಪೂಂಡಿಗೇ. ಅಂದರೆ ನೀರಿನ ಲೆಕ್ಕದಲ್ಲಿ ಈ ಹೊಳೆಗೂ ನಮಗೂ ಒಂದು ನಂಟಿದೆ. ನಾನು ಹೇಳಹೊರಟಿರುವುದು ಎಣ್ಣೆಯ ನಂಟನ್ನು.

ವಿಮಾನ ಕುಡಿಯುವುದು ಸೀಮೆಎಣ್ಣೆಯನ್ನು. ಎಟಿಎಫ್ ಎಂಬ ದೊಡ್ಡ ಹೆಸರಿದ್ದರೂ ಮೂಲದಲ್ಲಿ ಅದು ಚೊಕ್ಕ ಮಾಡಿದ ಸೀಮೆಎಣ್ಣೆಯೇ. ನಮ್ಮಜ್ಜಿ ರೇಷನ್ ಅಂಗಡಿಯ ಮುಂದೆ ಡಬ್ಬ ಹಿಡಿದು ನಿಂತು ತರುತ್ತಿದ್ದ ನೀಲಿ ಎಣ್ಣೆಯ ಶ್ರೀಮಂತ ತಮ್ಮ. ಅದು ತಯಾರಾಗುವ ಜಾಗಗಳಲ್ಲೊಂದು ಎಣ್ಣೂರಿನ ನೆರೆಯ ಮಣಲಿ. ಅಲ್ಲಿನ ರಿಫೈನರಿ ಶುರುವಾದದ್ದು 1969ರಲ್ಲಿ. ಆಗ ಅದು ಮದ್ರಾಸ್ ರಿಫೈನರೀಸ್, ಈಗ ಚೆನ್ನೈ ಪೆಟ್ರೋಲಿಯಂ ಕಾರ್ಪೊರೇಷನ್, ಜನರ ಬಾಯಲ್ಲಿ ಸಿಪಿಸಿಎಲ್. ವರ್ಷಕ್ಕೆ 105 ಲಕ್ಷ ಟನ್ ಕಚ್ಚಾತೈಲವನ್ನು ಅರಗಿಸಿಕೊಳ್ಳುವ ಹೊಟ್ಟೆ ಅದರದ್ದು. ಅಲ್ಲಿಂದ ಒಂದು ಪೈಪು ಊರನ್ನು ಬಳಸಿಕೊಂಡು ಸುಮಾರು 95 ಕಿ.ಮೀ. ಹರಿದು ಮೀನಂಬಾಕ್ಕಂ ವಿಮಾನ ನಿಲ್ದಾಣ ಮುಟ್ಟುತ್ತದೆ. ಇನ್ನೊಂದು ಪೈಪು 290 ಕಿ.ಮೀ. ನೆಲದಡಿಯಲ್ಲೇ ಸಾಗಿ, ನಮ್ಮ ಬಯಲುಸೀಮೆ ಹತ್ತಿ, ಹೊಸಕೋಟೆ ತಾಲ್ಲೂಕಿನ ದೇವನಗೊಂದಿಯ ಟ್ಯಾಂಕುಗಳಿಗೆ ಪೆಟ್ರೋಲು, ಡೀಸೆಲ್ಲಿನ ಜೊತೆಗೆ ಈ ಎಣ್ಣೆಯನ್ನೂ ತರುತ್ತದೆ. ಮಂಗಳೂರಿನಿಂದ ಹಾಸನದ ಮೇಲೆ ಹಾದು ಬರುವ ಪೈಪೂ ಬಂದು ಸೇರುವುದು ಅಲ್ಲಿಗೇ. ದೇವನಗೊಂದಿಯಿಂದ ದೇವನಹಳ್ಳಿಗೆ ಮತ್ತೆ 36 ಕಿ.ಮೀ. ಪೈಪು. ಸಮುದ್ರವೇ ಇಲ್ಲದ ಬೆಂಗಳೂರು ಹೀಗೆ ಮೂಡಣ ಪಡುವಣ ಎರಡೂ ಕಡಲಿನಿಂದ ನಳ್ಳಿ ಹಾಕಿಸಿಕೊಂಡಿದೆ. ಕೆಂಪೇಗೌಡ ನಿಲ್ದಾಣದಲ್ಲಿ ನೀವು ಕಾಫಿ ಕುಡಿಯುತ್ತ ಕೂತಾಗ ರೆಕ್ಕೆಯೊಳಗೆ ತುಂಬುತ್ತಿರುವ ಎಣ್ಣೆಯಲ್ಲಿ ಎಷ್ಟು ಪಾಲು ಯಾವ ಕಡಲಿನದು ಎಂದು ಯಾರೂ ಟಿಕೆಟ್ಟಿನ ಮೇಲೆ ಅಚ್ಚು ಹಾಕುವುದಿಲ್ಲ.

ಮೊದಲು ಹೀಗಿರಲಿಲ್ಲ. 1932ರ ಅಕ್ಟೋಬರ್ 15ರಂದು ಜೆ.ಆರ್.ಡಿ. ಟಾಟಾ ಕರಾಚಿಯಿಂದ ಮುಂಬೈಗೆ ಹಾರಿಸಿಕೊಂಡು ಬಂದ ಅಂಚೆ ವಿಮಾನವನ್ನು ಅಲ್ಲಿಂದ ಮದ್ರಾಸಿಗೆ ತಂದವರು ನೆವಿಲ್ ವಿನ್ಸೆಂಟ್. ದಾರಿಯಲ್ಲಿ ಇಳಿದದ್ದು ನಮ್ಮ ಬಳ್ಳಾರಿಯಲ್ಲಿ. ಆ ಯಾನದಲ್ಲಿ ಅಹಮದಾಬಾದಿಗೆ ಪೆಟ್ರೋಲಿನ ಡಬ್ಬಗಳು ಎತ್ತಿನ ಗಾಡಿಯ ಮೇಲೆ ಬಂದವಂತೆ. ಆಗಿನವರಿಗೆ ವಿಮಾನ ಏನು ಕುಡಿಯುತ್ತದೆ, ಎಷ್ಟು ಕುಡಿಯುತ್ತದೆ, ಯಾರು ಹೊತ್ತು ತಂದರು ಎಂಬುದೆಲ್ಲ ಕಣ್ಣೆದುರಿಗಿತ್ತು. ಪೈಪು ಹೂತ ಮೇಲೆ ಅದು ಕಾಣದಾಯಿತು. ಪೈಪು ತಪ್ಪು ಎನ್ನುತ್ತಿಲ್ಲ. ಟ್ಯಾಂಕರ್ ಲಾರಿಗಳ ಸಾಲಿಗಿಂತ ಅದು ಎಷ್ಟೋ ವಾಸಿ. ಆದರೆ ಆ ತುದಿಯವರಿಗೆ ಈ ತುದಿ ಕಾಣದೆ ಹೋಯಿತಲ್ಲ, ನನ್ನ ಸಂಕಟ ಅದು.

ಈ ತುದಿಯಲ್ಲಿ ಏನಾಯಿತು ಎಂಬುದಕ್ಕೆ 2023ರ ಡಿಸೆಂಬರ್ ಒಂದೇ ಸಾಕು. ಮಿಚಾಂಗ್ ಚಂಡಮಾರುತದ ಮಳೆ ಸುರಿದ 4ನೇ ತಾರೀಖು ಮೀನಂಬಾಕ್ಕಂ ರನ್‌ವೇ ನೀರಿನಲ್ಲಿ ಮುಳುಗಿತು, ನಿಲ್ದಾಣ ಮುಚ್ಚಿತು, ಹಲವು ವಿಮಾನಗಳು ಬೆಂಗಳೂರಿಗೆ ತಿರುಗಿದವು. ನೀರಿನ ನಡುವೆ ನಿಂತ ವಿಮಾನಗಳ ಚಿತ್ರ ದೇಶದ ಎಲ್ಲ ಟಿವಿಯಲ್ಲೂ ಬಂತು, ನೀವೂ ನೋಡಿರುತ್ತೀರಿ. ಅದೇ ಮಳೆಯಲ್ಲಿ ಮಣಲಿಯ ಕಡೆಯಿಂದ ಬಕಿಂಗ್‌ಹ್ಯಾಂ ಕಾಲುವೆಯ ಮೂಲಕ ಕಪ್ಪು ಎಣ್ಣೆ ಹರಿದು ಎಣ್ಣೂರಿನ ಅಳಿವೆ ತುಂಬಿತು. ಈ ಸುದ್ದಿ ಹೊರಗೆ ಬರಲು ದಿನಗಳೇ ಹಿಡಿದವು. ಅದು ಸಿಪಿಸಿಎಲ್ ಆವರಣದಿಂದಲೇ ಬಂದ ಎಣ್ಣೆ ಎಂದು ತಮಿಳುನಾಡು ಮಾಲಿನ್ಯ ನಿಯಂತ್ರಣ ಮಂಡಳಿ ಹಸಿರು ನ್ಯಾಯಾಧಿಕರಣಕ್ಕೆ ವರದಿ ಕೊಟ್ಟಿತು. ಕಂಪನಿ ತನ್ನ ಪೈಪುಗಳು ಸೋರಿಲ್ಲ ಎಂದು ವಾದಿಸಿತು. ವಾದ ನಡೆಯುತ್ತಿದ್ದಾಗ ಮೀನುಗಾರರು ದೋಣಿಯಲ್ಲಿ ಕೂತು ಬಕೆಟ್ಟು, ಮಗ್ಗುಗಳಿಂದ ಎಣ್ಣೆ ಮೊಗೆಯುತ್ತಿದ್ದರು. ಮೈಯೆಲ್ಲ ಕಪ್ಪಾದ ಪೆಲಿಕಾನ್ ಹಕ್ಕಿಗಳು ಹಾರಲಾರದೆ ಕೂತಿದ್ದವು. ಕಾಟ್ಟುಕುಪ್ಪಂ, ಶಿವನ್‌ಪಡೈಕುಪ್ಪಂ, ನೆಟ್ಟುಕುಪ್ಪಂ, ತಾಳಂಕುಪ್ಪಂ ಎಂಬ ಊರುಗಳಲ್ಲಿ ಮನೆಯ ಗೋಡೆಗಳ ಮೇಲೆ ನೀರು ಏರಿದ ಮಟ್ಟ ಎಣ್ಣೆಯ ಗೆರೆಯಾಗಿ ಉಳಿಯಿತು.

ಸರ್ಕಾರ ಪರಿಹಾರ ಪ್ರಕಟಿಸಿತು. ಹೆಚ್ಚು ನಷ್ಟವಾದ 2,301 ಮೀನುಗಾರ ಕುಟುಂಬಗಳಿಗೆ ತಲಾ 12,500 ರೂಪಾಯಿ, ಇನ್ನೂ 6,700 ಕುಟುಂಬಗಳಿಗೆ ತಲಾ 7,500, ಕೆಟ್ಟುಹೋದ 787 ದೋಣಿಗಳಿಗೆ ತಲಾ ಹತ್ತು ಸಾವಿರ. ಒಟ್ಟು 8 ಕೋಟಿ 68 ಲಕ್ಷ. ಮನೆ ಮಂದಿ ವಿಮಾನದಲ್ಲಿ ಒಂದು ಪ್ರವಾಸ ಹೋಗಿಬಂದರೆ ನಮಗೆ ಆಗುವ ಖರ್ಚನ್ನು ಆ 12,500ರ ಪಕ್ಕದಲ್ಲಿಟ್ಟು ನೋಡಿ. ಬಲೆ ಒಮ್ಮೆ ಎಣ್ಣೆ ಕುಡಿದರೆ ಮುಗಿಯಿತು, ಸೀಗೆಕಾಯಿ ಹಾಕಿ ತೊಳೆದರೂ ಮೀನು ಅದರ ಹತ್ತಿರ ಸುಳಿಯುವುದಿಲ್ಲ ಎಂದು ಅಲ್ಲಿನ ಹೆಂಗಸೊಬ್ಬರು ನನಗೆ ಹೇಳಿದ್ದರು. ಅದೇ ತಿಂಗಳು 26ರ ನಡುರಾತ್ರಿ ಎಣ್ಣೂರಿನ ಪೆರಿಯಕುಪ್ಪಂ ಹತ್ತಿರ ಗೊಬ್ಬರ ಕಾರ್ಖಾನೆಯೊಂದರ ಕಡಲಡಿಯ ಪೈಪಿನಿಂದ ಅಮೋನಿಯಾ ಸೋರಿ ಜನ ಮಕ್ಕಳನ್ನೆತ್ತಿಕೊಂಡು ಕತ್ತಲಲ್ಲಿ ಓಡಿದರು. ವಿಮಾನಕ್ಕೂ ಅದಕ್ಕೂ ಸಂಬಂಧವಿಲ್ಲ. ಒಂದು ಊರಿನ ಮೇಲೆ ಎಷ್ಟು ಹೊರಿಸುತ್ತೇವೆ ಎಂದು ತಿಳಿಯಲಿ ಎಂದಷ್ಟೇ ಹೇಳಿದೆ. 2017ರ ಜನವರಿಯಲ್ಲಿ ಎಣ್ಣೂರಿನ ಕಾಮರಾಜರ್ ಬಂದರಿನ ಹೊರಗೆ ಎರಡು ಹಡಗು ಡಿಕ್ಕಿ ಹೊಡೆದು ಎಣ್ಣೆ ಚೆಲ್ಲಿದಾಗಲೂ ಮೊಗೆದದ್ದು ಬಕೆಟ್ಟಿನಲ್ಲೇ. ಸುಮಾರು ಏಳು ವರ್ಷದಲ್ಲಿ ಬಕೆಟ್ಟು ಬದಲಾಗಲಿಲ್ಲ.

ಈಗ ಲೋಕದ ಲೆಕ್ಕಕ್ಕೆ ಬರೋಣ, ಹೆಚ್ಚು ಹೊತ್ತು ಬೇಡ. 2019ರಲ್ಲಿ ಜಗತ್ತಿನ ವಿಮಾನಗಳು ಸುಮಾರು 450 ಕೋಟಿ ಪ್ರಯಾಣಿಕರನ್ನು ಹೊತ್ತವು. ಕೊರೊನಾ ಬಂದ 2020ರಲ್ಲಿ ಅದು 180 ಕೋಟಿಗೆ ಇಳಿದಿತ್ತು, ಈಗ ಹಳೆಯ ಮಟ್ಟವನ್ನೂ ದಾಟಿದೆ. ನಮ್ಮ ದೇಶದೊಳಗಿನ ಹಾರಾಟವೇ 2024ರಲ್ಲಿ 16 ಕೋಟಿ ಮೀರಿತು, ಬೆಂಗಳೂರು ನಿಲ್ದಾಣ ಒಂದೇ ಆ ವರ್ಷ 4 ಕೋಟಿ ದಾಟಿತು. ಆದರೆ ಇವು ಟಿಕೆಟ್ಟುಗಳ ಲೆಕ್ಕ. ವರ್ಷಕ್ಕೆ ನಲವತ್ತು ಸಲ ಹಾರುವವನನ್ನು ಇಲ್ಲಿ ನಲವತ್ತು ಜನ ಎಂದು ಎಣಿಸಿದ್ದಾರೆ. ಸ್ಟೆಫಾನ್ ಗೋಸ್ಲಿಂಗ್ ಮತ್ತು ಆಂಡ್ರಿಯಾಸ್ ಹುಂಪೆ ಎಂಬ ಸಂಶೋಧಕರು 2020ರಲ್ಲಿ ತಲೆ ಎಣಿಸಿ ನೋಡಿದರು. 2018ರಲ್ಲಿ ವಿಮಾನ ಹತ್ತಿದವರು ಜಗತ್ತಿನ ಜನಸಂಖ್ಯೆಯಲ್ಲಿ ನೂರಕ್ಕೆ ಹನ್ನೊಂದೇ ಮಂದಿ. ಅದರಲ್ಲೂ ಜಗತ್ತಿನ ಜನರಲ್ಲಿ ನೂರಕ್ಕೆ ಒಬ್ಬರಷ್ಟಿರುವ ಪದೇಪದೇ ಹಾರುವವರು ಪ್ರಯಾಣಿಕ ವಿಮಾನಗಳ ಹೊಗೆಯಲ್ಲಿ ಅರ್ಧಕ್ಕೆ ಕಾರಣ. ಎಲ್ಲ ವಿಮಾನಗಳ ಹೊಗೆ ಲೋಕದ ಇಂಗಾಲದ ಡೈಆಕ್ಸೈಡಿನಲ್ಲಿ ನೂರಕ್ಕೆ ಎರಡೂವರೆ ಪಾಲು. ವಿಮಾನದ ಹಿಂದೆ ಮೂಡುವ ಬಿಳಿ ಗೆರೆಗಳು ಹೊದಿಕೆಯಂತೆ ಶಾಖವನ್ನು ತಡೆಯುವುದನ್ನೂ ಸೇರಿಸಿದರೆ ಭೂಮಿಯ ಬಿಸಿಗೆ ವಿಮಾನಗಳ ಕೊಡುಗೆ ಇನ್ನೂ ಹೆಚ್ಚು. ಎರಡೂವರೆ ಎಂದರೆ ಕಡಿಮೆಯಲ್ಲವೇ ಎಂದು ಕೇಳುವವರಿದ್ದಾರೆ. ಹನ್ನೊಂದು ಮಂದಿ ಉಂಡ ಊಟದ ಬಿಲ್ಲನ್ನು ನೂರು ಮಂದಿಗೆ ಹಂಚಿದಾಗ ಕಡಿಮೆಯೇ.

ಬೆಂಗಳೂರು–ಚೆನ್ನೈ ಹಾರಾಟಕ್ಕೆ ಒಂದು ಏರ್‌ಬಸ್ ಎ320 ಸುಡುವ ಎಣ್ಣೆ ಒಂದೂವರೆಯಿಂದ ಎರಡು ಟನ್. ಒಂದು ಕಿಲೊ ಎಣ್ಣೆ ಸುಟ್ಟರೆ 3.16 ಕಿಲೊ ಇಂಗಾಲದ ಡೈಆಕ್ಸೈಡ್ ಹೊರಬರುತ್ತದೆ. ಎಣ್ಣೆ ಹೆಚ್ಚು ಖರ್ಚಾಗುವುದು ಮೇಲೇರುವಾಗ. ಈ ದಾರಿಯಲ್ಲಿ ಏರಿ ಮುಗಿಸುವಷ್ಟರಲ್ಲಿ ಇಳಿಯುವ ಹೊತ್ತಾಗುತ್ತದೆ, ನೀರಿನ ಬಾಟ್ಲಿ ಕೊಡಲೂ ಸಮಯ ಸಾಲದು. ತಲೆಗೆ ಹಂಚಿದರೆ ಸುಮಾರು ಹದಿಮೂರು ಹದಿನಾಲ್ಕು ಲೀಟರು. ನಮ್ಮಜ್ಜಿಗೆ ತಿಂಗಳಿಗೆ ಸಿಗುತ್ತಿದ್ದದ್ದು ಮೂರು ನಾಲ್ಕು ಲೀಟರು; ಅದರಲ್ಲೇ ಒಲೆ, ಅದರಲ್ಲೇ ಲಾಟೀನು. ನಾಲ್ಕು ತಿಂಗಳ ಬೆಳಕನ್ನು ನಾವು ಮುಕ್ಕಾಲು ಗಂಟೆಯಲ್ಲಿ ಉರಿಸುತ್ತೇವೆ. ನಾವು ಎಂದೆ, ಏಕೆಂದರೆ ಕೆಲಸದಲ್ಲಿದ್ದಾಗ ನಾನೂ ಬೆಳಗ್ಗೆ ಹೋಗಿ ರಾತ್ರಿ ಬಂದವನೇ. ಕಂಪನಿ ದುಡ್ಡು, ನಮ್ಮಪ್ಪನ ಗಂಟೇನು ಹೋಗಬೇಕು ಎಂದುಕೊಂಡು ಒಮ್ಮೆಯೂ ಯೋಚಿಸಲಿಲ್ಲ.

2022ರ ನವೆಂಬರ್ 11ರಂದು ಬೆಂಗಳೂರಿನಲ್ಲಿ ಪ್ರಧಾನಿ ಒಂದೇ ದಿನ ಎರಡು ಉದ್ಘಾಟನೆ ಮಾಡಿದರು. ಒಂದು ದೇವನಹಳ್ಳಿಯ ಎರಡನೇ ಟರ್ಮಿನಲ್. ಇನ್ನೊಂದು ಮೈಸೂರು–ಬೆಂಗಳೂರು–ಚೆನ್ನೈ ವಂದೇ ಭಾರತ್ ರೈಲು. ಬಿದಿರಿನ ಚಾವಣಿ, ತೂಗುವ ಬಳ್ಳಿಗಳ ಆ ಟರ್ಮಿನಲ್ಲಿನ ಫೋಟೊ ನನಗೆ ವಾಟ್ಸ್ಆ್ಯಪಿನಲ್ಲಿ ಇಪ್ಪತ್ತು ಸಲವಾದರೂ ಬಂತು. ರೈಲಿನದು ಎರಡು ಸಲ. ಆದರೆ ಈ ಎರಡು ಊರುಗಳ ನಡುವಿನ ಪ್ರಯಾಣಕ್ಕೆ ಆ ದಿನ ನಿಜಕ್ಕೂ ಸಿಕ್ಕಿದ್ದು ರೈಲು. ಮೆಜೆಸ್ಟಿಕ್ಕಿನಲ್ಲಿ ಹತ್ತಿದರೆ ನಾಲ್ಕೂವರೆ ಗಂಟೆಯೊಳಗೆ ಚೆನ್ನೈ ಸೆಂಟ್ರಲ್. ಜಯನಗರದಿಂದ ದೇವನಹಳ್ಳಿಗೆ ಹೋಗಿ, ಬೆಲ್ಟು ಬಿಚ್ಚಿ, ಲ್ಯಾಪ್‌ಟಾಪ್ ತೆಗೆದು ತೋರಿಸಿ, ಗೇಟಿನ ಮುಂದೆ ಕಾದು, ಹಾರಿ, ಇಳಿದು, ಮೀನಂಬಾಕ್ಕಂನಿಂದ ಮತ್ತೆ ಊರೊಳಗೆ ಬರುವಷ್ಟರಲ್ಲಿ ಅಷ್ಟೇ ಹೊತ್ತಾಗುತ್ತದೆ, ಟ್ರಾಫಿಕ್ಕು ಕೈಕೊಟ್ಟರೆ ಇನ್ನೂ ಜಾಸ್ತಿ. ವಂದೇ ಭಾರತ್ ದುಬಾರಿ ಎನ್ನುವವರಿಗೆ ಶತಾಬ್ದಿಯಿದೆ, 1964ರಿಂದ ಓಡುತ್ತಿರುವ ಬೃಂದಾವನ್ ಇದೆ, ಲಾಲ್‌ಬಾಗ್ ಇದೆ, ಮಲಗಿ ಬರಲು ರಾತ್ರಿಯ ಬೆಂಗಳೂರು ಮೇಲ್ ಇದೆ.

ರೈಲು ಪುಣ್ಯಾತ್ಮ ಎಂದು ನಾನು ಹೇಳಲಾರೆ. ಅದನ್ನೆಳೆಯುವ ವಿದ್ಯುತ್ತಿನಲ್ಲಿ ಬಹುಪಾಲು ಕಲ್ಲಿದ್ದಲಿನದು. ಎಣ್ಣೂರಿನ ಸುತ್ತ ಉಷ್ಣ ಸ್ಥಾವರಗಳ ಸಾಲೇ ಇದೆ. ಅವುಗಳ ಹಾರುಬೂದಿ ಸೋರಿ ಸೋರಿ ಕೊಸಸ್ತಲೈಯ ತಳ ಮೇಲೆದ್ದಿದೆ. ಒಂದು ಕಾಲಕ್ಕೆ ದೋಣಿ ತೇಲುತ್ತಿದ್ದ ಕಡೆ ಈಗ ಜನ ನಡೆದು ದಾಟುತ್ತಾರೆ. ಆ ಸಾಲಿನಲ್ಲಿರುವ ವಲ್ಲೂರು ಸ್ಥಾವರದ ವಿದ್ಯುತ್ತಿನಲ್ಲಿ ಕರ್ನಾಟಕಕ್ಕೂ ಪಾಲಿದೆ. ಹಾಗಾಗಿ ವಿಮಾನವನ್ನೇ ಹತ್ತದ ಕನ್ನಡಿಗನ ಮನೆಯ ದೀಪಕ್ಕೂ ಎಣ್ಣೂರಿನ ಬೂದಿಗೂ ತಂತಿಯ ನಂಟಿದೆ. ಆದರೂ ತಲೆಗೆ ಹಂಚಿದರೆ ತುಂಬಿದ ರೈಲಿನ ಹೊಗೆ ವಿಮಾನದ್ದಕ್ಕಿಂತ ಎಷ್ಟೋ ಪಾಲು ಕಡಿಮೆ. ಅಲ್ಲದೆ ವಿದ್ಯುತ್ತನ್ನು ನಾಳೆ ಬಿಸಿಲಿನಿಂದಲೂ ಗಾಳಿಯಿಂದಲೂ ತರಬಹುದು, ಪಾವಗಡದಲ್ಲಿ ಈಗಾಗಲೇ ತರುತ್ತಿದ್ದೇವೆ. ವಿಮಾನಕ್ಕೆ ಸದ್ಯ ಹಾಗೆ ದಾರಿಯಿಲ್ಲ. ಜೈವಿಕ ಇಂಧನದ ಮಾತು ಕೇಳಿರುತ್ತೀರಿ. ನಮ್ಮ ಸರ್ಕಾರ ಇಟ್ಟುಕೊಂಡಿರುವ ಗುರಿ 2027ಕ್ಕೆ ನೂರರಲ್ಲಿ ಒಂದು ಪಾಲು, 2030ಕ್ಕೆ ಐದು, ಅದೂ ವಿದೇಶಿ ಹಾರಾಟಗಳಿಗೆ. 2030ರಲ್ಲೂ ಉಳಿದ ತೊಂಬತ್ತೈದು ಪಾಲು ಮಣಲಿಯಂಥ ಊರುಗಳಿಂದಲೇ ಬರಬೇಕು.

ಮಗಳ ಬಾಣಂತನಕ್ಕೆಂದು ಮೆಂತ್ಯದ ಹಿಟ್ಟು, ಅಂಟಿನುಂಡೆ ಕಟ್ಟಿಕೊಂಡು ಅಮೆರಿಕಕ್ಕೆ ಹೊರಟ ತಾಯಿಗೆ ಈ ಮನವಿ ಅಲ್ಲ. ಕೊಲ್ಲಿಯಲ್ಲಿ ದುಡಿದು ಎರಡು ವರ್ಷಕ್ಕೊಮ್ಮೆ ಮಂಗಳೂರಿಗೆ ಬಂದಿಳಿಯುವವರಿಗೂ ಅಲ್ಲ. ಗೊರೂರಿನ ಕ್ಯಾಪ್ಟನ್ ಗೋಪಿನಾಥ್ 2003ರಲ್ಲಿ ಬೆಂಗಳೂರು–ಹುಬ್ಬಳ್ಳಿ ನಡುವೆ ಏರ್ ಡೆಕ್ಕನ್ ಹಾರಿಸಿ, ಒಂದು ರೂಪಾಯಿಯ ಟಿಕೆಟ್ಟನ್ನೂ ಕೊಟ್ಟು, ಹವಾಯಿ ಚಪ್ಪಲಿಯವರನ್ನು ವಿಮಾನ ಹತ್ತಿಸಿದರಲ್ಲ, ಅದು ನನಗೂ ಹೆಮ್ಮೆಯ ವಿಷಯವೇ. ಆಕಾಶ ದೊಡ್ಡವರ ಸೊತ್ತಾಗಿರಬೇಕು ಎಂದು ನಾನು ಬಯಸುವುದಿಲ್ಲ. ನನ್ನ ಮಾತೇನಿದ್ದರೂ ಬೆಳಗಿನ ತಿಂಡಿ ಇಂದಿರಾನಗರದಲ್ಲಿ, ಮೀಟಿಂಗು ಗಿಂಡಿಯಲ್ಲಿ, ರಾತ್ರಿ ಊಟಕ್ಕೆ ಮತ್ತೆ ಇಂದಿರಾನಗರ ಎನ್ನುವ ನಮ್ಮ ವರ್ಗದವರ ಜೊತೆ.

ನಿಮ್ಮಿಂದ ನನಗೆ ಬೇಕಾದದ್ದನ್ನು ಬಿಡಿಸಿ ಹೇಳುತ್ತೇನೆ. ಕಂಪನಿಗಳಲ್ಲಿ ಕೆಲಸ ಮಾಡುವವರು ನಿಮ್ಮ ಟ್ರಾವೆಲ್ ಡೆಸ್ಕಿಗೆ ಒಂದು ಈಮೇಲ್ ಬರೆಯಿರಿ: ರೈಲಿನಲ್ಲಿ ಐದು ಗಂಟೆಯೊಳಗಿನ ಊರಿಗೆ ರೈಲೇ ನಿಯಮವಾಗಲಿ, ವಿಮಾನ ಬೇಕಾದವರು ಕಾರಣ ಬರೆದುಕೊಡಲಿ. ಈಗ ತದ್ವಿರುದ್ಧ ಇದೆ, ರೈಲಿಗೆ ಹೋಗುತ್ತೇನೆಂದರೆ ವಿವರಣೆ ಕೇಳುತ್ತಾರೆ. ಫ್ರಾನ್ಸಿನಲ್ಲಿ ಎರಡೂವರೆ ಗಂಟೆಯ ರೈಲು ಇರುವ ಕಡೆ ವಿಮಾನವನ್ನೇ ಕಾನೂನು ಮಾಡಿ ನಿಲ್ಲಿಸಿದರು; 2023ರಲ್ಲಿ ಜಾರಿಗೆ ಬಂತು, ಮೂರು ಮಾರ್ಗಗಳು ನಿಂತವು. ನಾನು ಕಾನೂನು ಕೇಳುತ್ತಿಲ್ಲ, ಒಂದು ಆಫೀಸು ಸುತ್ತೋಲೆ ಕೇಳುತ್ತಿದ್ದೇನೆ. ಸೆಬಿ ನಿಯಮದಂತೆ ದೊಡ್ಡ ಸಾವಿರ ಕಂಪನಿಗಳು ವರ್ಷಕ್ಕೊಮ್ಮೆ ಪರಿಸರದ ಲೆಕ್ಕ ಒಪ್ಪಿಸುತ್ತವೆ. ಅದರಲ್ಲಿ ನೌಕರರ ವಿಮಾನ ಪ್ರಯಾಣದ ಹೊಗೆಯನ್ನು ಬರೆಯಬಹುದು, ಬರೆಯದೆಯೂ ಇರಬಹುದು. ನಿಮ್ಮ ಕಂಪನಿ ಬರೆದಿದೆಯೇ ಎಂದು ತೆರೆದು ನೋಡಿ. ಷೇರು ಇಟ್ಟುಕೊಂಡವರು ವಾರ್ಷಿಕ ಸಭೆಯಲ್ಲಿ ಕೇಳಿ.

ಎರಡನೆಯದು ಇನ್ನೂ ಮುಖ್ಯ ಎಂದು ನನ್ನ ಭಾವನೆ. ಮಣಲಿ, ಎಣ್ಣೂರಿನಲ್ಲಿ ಹೊಸ ಯೋಜನೆ ಬಂದಾಗ 2006ರ ಪರಿಸರ ಅಧಿಸೂಚನೆಯ ಪ್ರಕಾರ ಸಾರ್ವಜನಿಕ ಅಹವಾಲು ನಡೆಯಬೇಕು, ಮೂವತ್ತು ದಿನ ಮೊದಲೇ ಪ್ರಕಟಣೆ ಕೊಡಬೇಕು. ಶಾಮಿಯಾನದ ಕೆಳಗೆ ಮಾತಾಡುವ ಹಕ್ಕು ಅಲ್ಲಿನ ನಿವಾಸಿಗಳದ್ದು. ಆದರೆ ಯೋಜನೆಯಲ್ಲಿ ನ್ಯಾಯವಾದ ಆಸಕ್ತಿ ಇರುವ ಹೊರಗಿನವರು ಬರಹದಲ್ಲಿ ಅಭಿಪ್ರಾಯ ಕಳಿಸಬಹುದು. ನಿಮಗೆ ಆಸಕ್ತಿ ಇದೆಯೇ? 290 ಕಿ.ಮೀ. ಉದ್ದದ ಆಸಕ್ತಿ ಇದೆ. ಬೆಂಗಳೂರಿನ ನೂರು ಮಂದಿ ‘ಈ ಎಣ್ಣೆಯನ್ನು ಉರಿಸುವವರು ನಾವು, ಇದನ್ನು ಮಾಡುವ ಊರಿನ ಹೊಳೆ ಕೆಡದಂತೆ ಖರ್ಚು ಮಾಡಿ, ಬೇಕಾದರೆ ಅದನ್ನು ನಮ್ಮ ಟಿಕೆಟ್ಟಿಗೆ ಸೇರಿಸಿ’ ಎಂದು ತಮಿಳುನಾಡು ಮಾಲಿನ್ಯ ನಿಯಂತ್ರಣ ಮಂಡಳಿಗೆ ಬರೆದರೆ ಅದು ಈ ದೇಶಕ್ಕೆ ಹೊಸ ಬಗೆಯ ಕಾಗದವಾಗುತ್ತದೆ. ಕಾವೇರಿಯ ವಿಷಯಕ್ಕೆ ಬಿಟ್ಟರೆ ಬೇರೆ ಯಾವುದಕ್ಕೂ ನಾವು ಈ ರಾಜ್ಯಕ್ಕೆ ಕಾಗದ ಬರೆದದ್ದು ನನಗೆ ನೆನಪಿಲ್ಲ.

ಇನ್ನೊಂದು. ಚೆನ್ನೈಗೆ ಪರಂದೂರಿನಲ್ಲಿ ಎರಡನೇ ವಿಮಾನ ನಿಲ್ದಾಣ ಬರುವುದೆಂದು 2022ರಲ್ಲಿ ಪ್ರಕಟವಾಯಿತು. ಹದಿಮೂರು ಹಳ್ಳಿಗಳ ನೆಲ ಹೋಗುತ್ತದೆ, ಏಕನಾಪುರದ ಜನ ಅಂದಿನಿಂದ ವಿರೋಧಿಸುತ್ತಿದ್ದಾರೆ. ಹೊಸೂರಿಗೊಂದು ನಿಲ್ದಾಣವೆಂದು ತಮಿಳುನಾಡು ಹೊರಟಿದೆ, ಬೆಂಗಳೂರಿಗೆ ಎರಡನೆಯದೆಂದು ಕನಕಪುರ ರಸ್ತೆ, ನೆಲಮಂಗಲದ ಕಡೆ ಕರ್ನಾಟಕ ಜಾಗ ನೋಡಿದೆ. ದೇವನಹಳ್ಳಿಯ ಚನ್ನರಾಯಪಟ್ಟಣದಲ್ಲಿ ವಿಮಾನ ಉದ್ಯಮದ ಪಾರ್ಕಿಗೆಂದು ಗುರುತು ಮಾಡಿದ 1,777 ಎಕರೆಯನ್ನು ಮೂರು ವರ್ಷಕ್ಕೂ ಮೀರಿ ಹೋರಾಡಿದ ರೈತರು 2025ರ ಜುಲೈನಲ್ಲಿ ಉಳಿಸಿಕೊಂಡರು. ಅಲ್ಲೂ ಹದಿಮೂರೇ ಹಳ್ಳಿ. ಈ ಎಲ್ಲ ಚರ್ಚೆಗಳಲ್ಲಿ ನೆಲದ ಪ್ರಶ್ನೆ ಬರುತ್ತದೆ, ಕೆರೆಯ ಪ್ರಶ್ನೆ ಬರುತ್ತದೆ. ಎಣ್ಣೆ ಎಲ್ಲಿಂದ ಬರುತ್ತದೆ ಎಂಬ ಪ್ರಶ್ನೆಯನ್ನು ಯಾರೂ ಎತ್ತಿದ್ದು ಕೇಳಿಲ್ಲ. ನೀವು ಎತ್ತಿ.

ಕೊನೆಗೆ, ಬರುವ ದಾರಿ. ಸೆಂಟ್ರಲ್‌ನಲ್ಲಿ ಇಳಿದು ಪಕ್ಕದ ಮೂರ್ ಮಾರ್ಕೆಟ್ ಕಾಂಪ್ಲೆಕ್ಸಿಗೆ ನಡೆದು ಬನ್ನಿ, ಲೋಕಲ್ ರೈಲುಗಳು ಹೊರಡುವುದು ಅಲ್ಲಿಂದ. ಗುಮ್ಮಿಡಿಪೂಂಡಿ ಗಾಡಿ ಹತ್ತಿ. ತಿರುವೊಟ್ರಿಯೂರು, ವಿಮ್ಕೋ ನಗರ, ಕತ್ತಿವಾಕ್ಕಂ ಆದ ಮೇಲೆ ಎಣ್ಣೂರು. ಸ್ಟೇಷನ್ನಿನ ಹೊರಗೆ ಆಟೋದವರಿಗೆ ಕಾಟ್ಟುಕುಪ್ಪಂ ಎಂದರೆ ಸಾಕು. ಬೆಳಗಿನ ಇಳಿತದ ಹೊತ್ತಿಗೆ ಬಂದರೆ ಎದೆಮಟ್ಟದ ನೀರಿನಲ್ಲಿ ಕೂತು, ಬುಟ್ಟಿಯನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದು, ಬರಿಗೈಯಲ್ಲಿ ತಳ ತಡವಿ ಸಿಗಡಿ ಹಿಡಿಯುವ ಇರುಳ ಬುಡಕಟ್ಟಿನ ಹೆಂಗಸರು ಕಾಣಸಿಗುತ್ತಾರೆ. ಅವರು ಮಾರಿದರೆ ಕೊಳ್ಳಿ, ಚೌಕಾಸಿ ಮಾಡಬೇಡಿ. ಹಳೆಯ ಚಪ್ಪಲಿ ಹಾಕಿಕೊಂಡು ಬನ್ನಿ. ದಡದ ಬೂದಿಕೆಸರಿನಲ್ಲಿ ಕಾಲು ಮೊಣಕಾಲವರೆಗೂ ಹೂತುಕೊಳ್ಳುತ್ತದೆ, ಒಳ್ಳೆಯ ಜೋಡು ಮತ್ತೆ ಮನೆಗೆ ಬರುವುದಿಲ್ಲ.